ಶೌರ್ಯದ ಜಮಾ-ಖರ್ಚು



ಅಂಗಡಿಯಲ್ಲಿ ಕುಳಿತು ವ್ಯಾಪಾರ ಮಾಡುವವರಿಗೂ, ಮಾಲು ಹಾಕಿ ಅಡತಿ ಅಂಗಡಿಯಿಂದ ಪಟ್ಟಿ ತರುವ ರೈತರಿಗೂ ಒಂದು ಮಾತು ಚೆನ್ನಾಗಿ ಗೊತ್ತು. ಖಾತೆಗೆ ಎರಡು ಬಾಜು ಇರುತ್ತವೆ. ಜಮಾ ಬಾಜು ತುಂಬಿಸಿ ಖರ್ಚಿನ ಬಾಜು ಖಾಲಿ ಬಿಟ್ಟವನನ್ನು ಯಾರೂ ಲಾಭದಲ್ಲಿದ್ದಾನೆ ಎನ್ನುವುದಿಲ್ಲ, ಅವನ ಲೆಕ್ಕ ಸರಿಯಿಲ್ಲ ಎನ್ನುತ್ತಾರೆ. ಹಣದ ವಿಷಯದಲ್ಲಿ ಇಷ್ಟು ಎಚ್ಚರವಾಗಿರುವ ನಾವು ಮನುಷ್ಯರ ಕೀರ್ತಿಯ ವಿಷಯ ಬಂದಾಗ ಮಾತ್ರ ಒಂದೇ ಬಾಜು ಓದಿ ಚಪ್ಪಾಳೆ ತಟ್ಟುತ್ತೇವೆ. ವೀರನೆಂದರೆ ಯಾರು? ಅವನ ಶೌರ್ಯವನ್ನು ಯಾವ ತಕ್ಕಡಿಯಲ್ಲಿ ತೂಗಬೇಕು? ಈ ಸಂಚಿಕೆಯಲ್ಲಿ ಇದನ್ನು ತಮ್ಮೊಂದಿಗೆ ವಿಚಾರ ಮಾಡಬೇಕೆಂದಿದ್ದೇವೆ. ನಮ್ಮವರನ್ನೇ ಉದಾಹರಣೆಗೆ ತೆಗೆದುಕೊಂಡರೆ ಅಭಿಮಾನ ಅಡ್ಡ ಬಂದೀತು. ಆದ್ದರಿಂದ ದೂರದ ಜರ್ಮನಿಯ ಒಬ್ಬ ವಿಮಾನ ಯೋಧನ ಚರಿತ್ರೆಯನ್ನು ಆರಿಸಿಕೊಂಡಿದ್ದೇವೆ.

ಆತನ ಹೆಸರು ಮಾನ್‌ಫ್ರೆಡ್ ಫಾನ್ ರಿಖ್ತ್‌ಹೋಫೆನ್. ಜಗತ್ತು ಆತನನ್ನು ಬಲ್ಲುದು ‘ರೆಡ್ ಬ್ಯಾರನ್’ ಎಂಬ ಹೆಸರಿನಿಂದ. ಬ್ಯಾರನ್ ಎಂದರೆ ನಮ್ಮ ಕಡೆಯ ಜಹಗೀರದಾರರನ್ನು ಹೋಲುವ ಒಂದು ಮನೆತನದ ಪದವಿ. ತನ್ನ ವಿಮಾನಕ್ಕೆ ಕೆಂಪು ಬಣ್ಣ ಬಳಿಸಿದ್ದರಿಂದ ‘ರೆಡ್’ ಎಂಬ ಮಾತು ಸೇರಿಕೊಂಡಿತು. 1892ರ ಮೇ 2ರಂದು ಬ್ರೆಸ್ಲಾವ್ ನಗರದ ಬಳಿ ಹುಟ್ಟಿದ. ಆಗ ಅದು ಜರ್ಮನಿಯ ನಗರ. 1945ರ ನಂತರ ಗಡಿ ಸರಿದು ಪೋಲೆಂಡಿಗೆ ಸೇರಿತು, ಹೆಸರೂ ಬದಲಾಯಿತು. ಊರು ಇದ್ದಲ್ಲಿಯೇ ಇದ್ದು ಸರಕಾರ ಬದಲಾಗುವುದೆಂದರೆ ಏನೆಂದು ಗಡಿಭಾಗದ ನಮ್ಮ ಓದುಗರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ಹನ್ನೊಂದನೆಯ ವಯಸ್ಸಿಗೇ ಆತನನ್ನು ಸೈನಿಕ ಶಾಲೆಗೆ ಸೇರಿಸಿದರು. ಕುದುರೆ ಸವಾರಿ ಮತ್ತು ಬೇಟೆ ಎಂದರೆ ಬಾಲ್ಯದಿಂದಲೂ ಪ್ರಾಣ. ಮುಂದೆ ಅಶ್ವದಳದ ಅಧಿಕಾರಿಯಾದ. 1914ರಲ್ಲಿ ಮೊದಲನೆಯ ಮಹಾಯುದ್ಧ ಆರಂಭವಾಯಿತು. ಆದರೆ ಕಂದಕ, ಮುಳ್ಳುತಂತಿ ಮತ್ತು ಮಶಿನ್‌ಗನ್ನುಗಳ ಆ ಯುದ್ಧದಲ್ಲಿ ಕುದುರೆಗೆ ಕೆಲಸ ಉಳಿಯಲಿಲ್ಲ. 1915ರಲ್ಲಿ ಆತ ವಿಮಾನ ದಳಕ್ಕೆ ಬಂದ. ಹುಟ್ಟು ಪ್ರತಿಭೆಯ ಚಾಲಕನೇನೂ ಅಲ್ಲ, ಚಾಲಕನ ಮೊದಲ ಪರೀಕ್ಷೆಯಲ್ಲಿ ಅನುತ್ತೀರ್ಣನಾದವನು. ಪುನಃ ಕಲಿತು ತೇರ್ಗಡೆಯಾದ. 1916ರಲ್ಲಿ ಆಸ್ವಾಲ್ಡ್ ಬೋಯೆಲ್ಕೆ ಎಂಬ ಹೆಸರಾಂತ ಯೋಧ ಈತನನ್ನು ತನ್ನ ತುಕಡಿಗೆ ಆರಿಸಿಕೊಂಡ. ಸೂರ್ಯನನ್ನು ಬೆನ್ನಿಗಿಟ್ಟುಕೊಂಡು ಎರಗಬೇಕು, ತೀರ ಹತ್ತಿರ ಹೋಗುವವರೆಗೆ ಗುಂಡು ಹಾರಿಸಬಾರದು, ಹಿಡಿದ ಕೆಲಸ ಪೂರ್ಣಗೊಳಿಸಬೇಕು ಎಂಬಂತಹ ಗುರುವಿನ ನಿಯಮಗಳನ್ನು ಶಿಷ್ಯ ಚಾಚೂ ತಪ್ಪದೆ ಪಾಲಿಸಿದ. ಸಾಹಸಕ್ಕಿಂತ ಶಿಸ್ತೇ ಆತನ ದೊಡ್ಡ ಬಂಡವಾಳವಾಗಿತ್ತು.

1916ರ ಸೆಪ್ಟೆಂಬರ್ 17ರಂದು ಫ್ರಾನ್ಸಿನ ಕಾಂಬ್ರೆ ಪಟ್ಟಣದ ಹತ್ತಿರ ಆತ ಮೊದಲ ಬಾರಿಗೆ ಒಂದು ಬ್ರಿಟಿಷ್ ವಿಮಾನವನ್ನು ಹೊಡೆದು ಕೆಡವಿದ. ಅದರಲ್ಲಿ ಇಬ್ಬರಿದ್ದರು. ಚಾಲಕ ಲಯನೆಲ್ ಮಾರಿಸ್‌ನಿಗೆ 19 ವರ್ಷ, ಜೊತೆಗಿದ್ದವನು ಟಾಮ್ ರೀಸ್. ಇಬ್ಬರೂ ಬದುಕಲಿಲ್ಲ. ಸತ್ತವರ ಸಮಾಧಿಯ ಮೇಲೆ ಗೌರವಾರ್ಥವಾಗಿ ಒಂದು ಕಲ್ಲು ಇಟ್ಟೆನೆಂದು ರಿಖ್ತ್‌ಹೋಫೆನ್ ತನ್ನ ಪುಸ್ತಕದಲ್ಲಿ ಬರೆದುಕೊಂಡಿದ್ದಾನೆ. ಅದೇ ಹೊತ್ತಿಗೆ ಬರ್ಲಿನ್ ನಗರದ ಒಬ್ಬ ಬೆಳ್ಳಿ ಕೆಲಸದ ವ್ಯಾಪಾರಿಗೆ ಚಿಕ್ಕದೊಂದು ಬಟ್ಟಲು ಮಾಡಿಕೊಡಲು ಬರೆದ. ಅದರ ಮೇಲೆ ಕೆತ್ತಿಸಿದ್ದು ನಾಲ್ಕೇ ವಿವರ: ಎಷ್ಟನೆಯ ಗೆಲುವು, ಯಾವ ಜಾತಿಯ ವಿಮಾನ, ಅದರಲ್ಲಿ ಎಷ್ಟು ಜನರಿದ್ದರು, ಯಾವ ತಾರೀಖು. ಮುಂದೆ ಪ್ರತಿ ಗೆಲುವಿಗೂ ಒಂದು ಬಟ್ಟಲು ಬಂದಿತು.

ಓದುಗರು ಇಲ್ಲಿ ಸ್ವಲ್ಪ ನಿಂತು ಯೋಚಿಸಬೇಕು. ಬಟ್ಟಲಿನ ಮೇಲೆ ಜನರ ಸಂಖ್ಯೆ ಇದೆ, ಹೆಸರಿಲ್ಲ. ಇಬ್ಬರಿದ್ದರೆ ‘2’ ಎಂದು ಕೆತ್ತಿದರೆ ಮುಗಿಯಿತು. ನಮ್ಮ ಕಿರ್ದಿಯಲ್ಲಿ ಸಹ ಹೆಸರಿಲ್ಲದೆ ಬರೀ ಅಂಕಿ ಬರೆದರೆ ಲೆಕ್ಕ ತಪಾಸಣೆ ಮಾಡುವವರು ಒಪ್ಪುವುದಿಲ್ಲ, ಯಾರಿಂದ ಬಂತು ಎಂದು ಕೇಳುತ್ತಾರೆ. ಆದರೆ ಯುದ್ಧದ ಕಿರ್ದಿಯಲ್ಲಿ ಆ ಪ್ರಶ್ನೆಯನ್ನು ಕೇಳುವವರಿರಲಿಲ್ಲ. ಹೀಗೆ ಅರವತ್ತು ಬಟ್ಟಲುಗಳಾದವು. ಆ ಮೇಲೆ ಯುದ್ಧದ ಕಾರಣದಿಂದ ಜರ್ಮನಿಯಲ್ಲಿ ಬೆಳ್ಳಿಯ ಅಭಾವವಾಯಿತು, ಬಟ್ಟಲು ಮಾಡಿಸುವುದು ನಿಂತಿತು. ಕೊಲ್ಲುವುದು ನಿಲ್ಲಲಿಲ್ಲ. ಸುಮಾರು ಹತ್ತೊಂಬತ್ತು ತಿಂಗಳಲ್ಲಿ ಆತನ ಲೆಕ್ಕ 80 ವಿಮಾನಗಳಿಗೆ ಮುಟ್ಟಿತು. ಆ ಯುದ್ಧದಲ್ಲಿ ಬೇರೆ ಯಾವ ದೇಶದ ಯಾವ ಚಾಲಕನೂ ಅಷ್ಟು ಕೆಡವಲಿಲ್ಲ.

ಈಗ ಜಮಾ ಬಾಜುವನ್ನು ಪ್ರಾಮಾಣಿಕವಾಗಿಯೇ ಬರೆಯೋಣ. ಈತ ಹೇಡಿಯಲ್ಲ. 1916ರ ನವೆಂಬರ್ 23ರಂದು ಬ್ರಿಟಿಷರ ಅತ್ಯುಚ್ಚ ಶೌರ್ಯ ಪದಕವಾದ ವಿಕ್ಟೋರಿಯಾ ಕ್ರಾಸ್ ಪಡೆದಿದ್ದ ಲಾನೋ ಹಾಕರ್ ಎಂಬ ನುರಿತ ಯೋಧನ ಎದುರು ಬಹಳ ಹೊತ್ತು ಏಕಾಂಗಿಯಾಗಿ ಸೆಣಸಿ ಗೆದ್ದ. 1917ರ ಜುಲೈ 6ರಂದು ತಲೆಗೆ ಗುಂಡು ತಾಗಿ ಆಕಾಶದಲ್ಲಿಯೇ ಕೆಲ ಕ್ಷಣ ಕಣ್ಣು ಕಾಣದಂತಾದರೂ ವಿಮಾನ ಇಳಿಸಿದ, ಗಾಯ ಪೂರ್ತಿ ಮಾಯುವ ಮೊದಲೇ ಕೆಲಸಕ್ಕೆ ಮರಳಿದ. ಇನ್ನು ಸಾಕು, ಹಿಂದೆ ಸುರಕ್ಷಿತವಾದ ಹುದ್ದೆ ತೆಗೆದುಕೋ ಎಂದು ಮೇಲಿನವರು ಸೂಚಿಸಿದಾಗ, ಕಂದಕದಲ್ಲಿರುವ ಬಡ ಸಿಪಾಯಿಗೆ ಇಲ್ಲದ ಬಿಡುಗಡೆ ತನಗೂ ಬೇಡವೆಂದ. ಆತ ಕೆಡವಿದವುಗಳಲ್ಲಿ ಅನೇಕವು ಮೇಲಿನಿಂದ ಫೋಟೋ ತೆಗೆಯುವ, ಫಿರಂಗಿಗಳಿಗೆ ಗುರಿ ತೋರಿಸುವ ವಿಮಾನಗಳು. ಅವನ್ನು ತಡೆದರೆ ಕೆಳಗಿದ್ದ ಜರ್ಮನ್ ಸಿಪಾಯಿಗಳ ಜೀವ ಉಳಿಯುತ್ತಿತ್ತು. ಇದೆಲ್ಲ ನಿಜ. ಜಮಾ ಆಗತಕ್ಕದ್ದು ಜಮಾ ಆಗಲೇಬೇಕು.

ಖರ್ಚಿನ ಬಾಜು ಏನು ಹೇಳುತ್ತದೆ? ಆಗಿನ ಬ್ರಿಟಿಷ್ ವಿಮಾನ ಚಾಲಕರಿಗೆ ಪ್ಯಾರಾಚೂಟ್ ಕೊಡುತ್ತಿರಲಿಲ್ಲ. ವಿಮಾನಕ್ಕೆ ಬೆಂಕಿ ತಗುಲಿದರೆ ಒಳಗೆ ಸುಡಬೇಕು, ಇಲ್ಲವೆ ಹೊರಗೆ ಜಿಗಿದು ಸಾಯಬೇಕು. 1917ರ ಏಪ್ರಿಲ್ ತಿಂಗಳೊಂದರಲ್ಲಿಯೇ ಬ್ರಿಟಿಷರು ಸುಮಾರು 245 ವಿಮಾನಗಳನ್ನು ಕಳೆದುಕೊಂಡರು. ಅವರು ಅದನ್ನು ‘ರಕ್ತದ ಏಪ್ರಿಲ್’ ಎಂದೇ ಕರೆದರು. ಅವುಗಳಲ್ಲಿ 20ಕ್ಕೂ ಹೆಚ್ಚು ಈತನೊಬ್ಬನ ಲೆಕ್ಕಕ್ಕೆ ಸೇರಿದವು, ಏಪ್ರಿಲ್ 29ರ ಒಂದೇ ದಿನ ನಾಲ್ಕು. ಹಾಕರ್‌ನಂತಹ ಸರಿಜೋಡಿ ಎದುರಾಳಿ ಸಿಕ್ಕಿದ್ದು ಅಪರೂಪ. ಬಹಳ ಮಂದಿ ಅರೆಬರೆ ತರಬೇತಿ ಮುಗಿಸಿ ನಿಧಾನಗತಿಯ ವಿಮಾನದಲ್ಲಿ ಬಂದ ಹುಡುಗರು. ಸಮಬಲರ ದ್ವಂದ್ವಯುದ್ಧವೆಂದು ಕಥೆಗಳಲ್ಲಿ ವರ್ಣಿಸುವುದು ಬಹುಮಟ್ಟಿಗೆ ಬೇಟೆಯೇ ಆಗಿತ್ತು. ಬಿದ್ದ ವಿಮಾನಗಳ ಬಟ್ಟೆಯ ಮೇಲಿನ ನಂಬರುಗಳನ್ನು ಕತ್ತರಿಸಿ ತಂದು ತನ್ನ ಕೋಣೆಯಲ್ಲಿ ಆತ ತೂಗುಹಾಕಿದ್ದ. ಹಾಕರ್‌ನ ಮಶಿನ್‌ಗನ್ನನ್ನು ಮನೆಗೆ ಒಯ್ದಿದ್ದ. ಬೇಟೆಗಾರ ಜಿಂಕೆಯ ಕೋಡು ಗೋಡೆಗೆ ಹಾಕುವಂತೆ.

ಹಾಗಾದರೆ ಈತ ದುಷ್ಟನೇ? ಹಾಗೆಂದು ತೀರ್ಪು ಕೊಟ್ಟು ಕೈ ತೊಳೆದುಕೊಳ್ಳುವುದು ಸುಲಭ. ಆದರೆ ನಾವು ಇನ್ನೊಂದು ಸಂಗತಿಯನ್ನು ಗಮನಿಸಬೇಕು. ಈ ಖಾತೆಯನ್ನು ಬರೆದವನು ಆತನೊಬ್ಬನೇ ಅಲ್ಲ. ಯುದ್ಧದಲ್ಲಿ ಸಾಮಾನ್ಯ ಸಿಪಾಯಿಗಳು ಹೆಸರಿಲ್ಲದೆ ಲಕ್ಷಗಟ್ಟಲೆ ಸಾಯುತ್ತಿದ್ದಾಗ ಮನೆಯಲ್ಲಿದ್ದ ಜನರಿಗೆ ಧೈರ್ಯ ಹೇಳಲು ಸರಕಾರಕ್ಕೆ ಒಂದು ಮುಖ ಬೇಕಾಗಿತ್ತು. ಈತನ ಭಾವಚಿತ್ರದ ಪೋಸ್ಟ್‌ಕಾರ್ಡುಗಳು ಮಾರಾಟವಾದವು. ತಲೆಯ ಗಾಯದ ವಿರಾಮದಲ್ಲಿದ್ದಾಗ ಪ್ರಚಾರ ವಿಭಾಗದವರ ಒತ್ತಾಸೆಯಿಂದ ಆತ್ಮಚರಿತ್ರೆ ಸಿದ್ಧವಾಗಿ ಪ್ರಕಟವಾಯಿತು. ಯುದ್ಧ ಮುಗಿಯುವ ಮೊದಲೇ, 1918ರಲ್ಲಿ, ಶತ್ರುಗಳ ನಾಡಾದ ಇಂಗ್ಲೆಂಡಿನಲ್ಲಿಯೂ ಅದರ ಭಾಷಾಂತರ ಬಂದಿತು. ಬೇಕೆಂದು ಕೊಂಡವರಿದ್ದರು, ಆದ್ದರಿಂದ ಮಾಲು ಓಡಿತು. ಇದು ವ್ಯಾಪಾರಸ್ಥರಿಗೆ ಅರ್ಥವಾಗುವ ಮಾತು.

ಇನ್ನೂ ವಿಚಾರ ಮಾಡತಕ್ಕ ಸಂಗತಿ ಎಂದರೆ, ಆತ ಸ್ವತಃ ಆ ಖಾತೆಯನ್ನು ತಿದ್ದಲು ಯತ್ನಿಸಿದ್ದು. ಗಾಯವಾದ ಮೇಲೆ ಬರೆದ ಟಿಪ್ಪಣಿಯೊಂದರಲ್ಲಿ, ತನ್ನ ಪುಸ್ತಕದ ಉದ್ಧಟ ಧಾಟಿಯನ್ನು ನೋಡಿ ಈಗ ನಗು ಬರುತ್ತದೆ, ತಾನು ಈಗ ಅಂಥವನಲ್ಲ ಎಂದಿದ್ದಾನೆ. ಪ್ರತಿ ಕಾಳಗದ ನಂತರ ಮನಸ್ಸು ಕುಗ್ಗಿಹೋಗುತ್ತದೆ, ಯಾರ ಮುಖವೂ ಬೇಡವೆನಿಸುತ್ತದೆ, ಊರಲ್ಲಿರುವ ಜನ ತಿಳಿದಂತೆ ಯುದ್ಧ ಜಯಜಯಕಾರದ ಸಂಗತಿಯಲ್ಲ ಎಂಬ ಭಾವವೂ ಅದರಲ್ಲಿದೆ. ಲೆಕ್ಕಪತ್ರದಲ್ಲಿ ತಪ್ಪು ಬರೆದಿದ್ದರೆ ಆಮೇಲೆ ತಿದ್ದುಪಡಿಯ ನಮೂದು ಹಾಕುವ ಪದ್ಧತಿಯಿದೆ. ಇದು ಅಂತಹ ನಮೂದು. ಆದರೆ ಜನ ಮೊದಲ ಪುಟವನ್ನೇ ಓದಿದರು, ತಿದ್ದುಪಡಿಯ ಪುಟವನ್ನು ತಿರುವಿ ನೋಡಿದವರು ಕಡಿಮೆ. ವೀರನೇ ‘ನನ್ನನ್ನು ಹಾಗೆ ಹೊಗಳಬೇಡಿ’ ಎಂದರೂ ಹೊಗಳುವವರು ಬಿಡಲಿಲ್ಲ.

1918ರ ಏಪ್ರಿಲ್ 21ರಂದು ಫ್ರಾನ್ಸಿನ ಸೋಮ್ ನದಿಯ ಬಳಿ ವಿಲ್‌ಫ್ರಿಡ್ ಮೇ ಎಂಬ ಹೊಸ ಚಾಲಕನನ್ನು ಅಟ್ಟಿಸಿಕೊಂಡು ತೀರ ಕೆಳಗೆ, ಶತ್ರುಗಳ ನೆಲದ ಮೇಲೆ ದೂರ ಬಂದ. ತಾನೇ ಇತರರಿಗೆ ಬೇಡವೆಂದು ಹೇಳುತ್ತಿದ್ದ ಕೆಲಸವದು. ಒಂದೇ ಒಂದು ಗುಂಡು ಎದೆಯನ್ನು ಹಾಯ್ದು ಹೋಯಿತು. ಆಗ ಆತನಿಗೆ 25 ವರ್ಷ. ಕೆನಡಾದ ಚಾಲಕ ರಾಯ್ ಬ್ರೌನ್‌ನ ಹೆಸರಿಗೆ ಆ ಗೆಲುವು ಬರೆಯಲ್ಪಟ್ಟಿತು. ಇಂದಿನ ಸಂಶೋಧಕರಲ್ಲಿ ಹೆಚ್ಚಿನವರು ನೆಲದ ಮೇಲಿದ್ದ ಆಸ್ಟ್ರೇಲಿಯಾದ ಸೈನಿಕರ ಗುಂಡೇ ತಗುಲಿತೆನ್ನುತ್ತಾರೆ. ಹೊಡೆದವರು ಯಾರೆಂಬ ವಾದ ನೂರು ವರ್ಷ ದಾಟಿದರೂ ಮುಗಿದಿಲ್ಲ. ಕೊಂದ ಕೀರ್ತಿಯೂ ಜಮಾ ಬಾಜುವಿನಲ್ಲಿಯೇ ಬರುತ್ತದೆ ನೋಡಿ!

ಮರುದಿನ ಬರ್ತಾಂಗ್ಲ್ ಎಂಬ ಹಳ್ಳಿಯಲ್ಲಿ ಆಸ್ಟ್ರೇಲಿಯಾದ ವಿಮಾನ ತುಕಡಿಯವರು ಪೂರ್ಣ ಸೈನಿಕ ಮರ್ಯಾದೆಯೊಂದಿಗೆ ಆತನ ಅಂತ್ಯಕ್ರಿಯೆ ಮಾಡಿದರು. ಶತ್ರು ಅಧಿಕಾರಿಗಳೇ ಹೆಗಲು ಕೊಟ್ಟರು, ಹೂವಿನ ಚಕ್ರ ಇಟ್ಟರು. ಶತ್ರುವಿನಲ್ಲಿಯೂ ಮನುಷ್ಯನನ್ನು ಕಂಡ ಈ ನಡತೆ ಮೆಚ್ಚತಕ್ಕದ್ದೇ. ಆದರೆ ಆ ಮರ್ಯಾದೆ ಯುದ್ಧವನ್ನು ಒಂದು ದಿನವೂ ನಿಲ್ಲಿಸಲಿಲ್ಲ. ಹೆಣಕ್ಕೆ ಕೊಟ್ಟ ಗೌರವವನ್ನು ಜೀವಕ್ಕೆ ಕೊಡಲಾಗದಿದ್ದುದೇ ಈ ಕಥೆಯ ದುಃಖ.

ಆತ ಸತ್ತ ಮೇಲೆ ಹೆಸರಿಗೆ ಹೊಸ ಯಜಮಾನರು ಬಂದರು. 1925ರಲ್ಲಿ ಅಸ್ಥಿಯನ್ನು ಬರ್ಲಿನ್ನಿಗೆ ತಂದರು. ತಂದೆ ಮತ್ತು ತಮ್ಮನ ಪಕ್ಕದಲ್ಲಿ ಮಣ್ಣು ಮಾಡಬೇಕೆಂಬುದು ಮನೆಯವರ ಇಚ್ಛೆ. ಸರಕಾರ ರಾಜಧಾನಿಯ ಸೈನಿಕ ಸ್ಮಶಾನವನ್ನು ಆರಿಸಿತು. 1918ರ ಜುಲೈಯಲ್ಲಿ ಆತನ ದಳದ ನಾಯಕತ್ವಕ್ಕೆ ಬಂದವನು ಹರ್ಮನ್ ಗೋರಿಂಗ್, ಮುಂದೆ ಹಿಟ್ಲರನ ಬಲಗೈ ಆದವನು. ನಾಜಿಗಳು ರಿಖ್ತ್‌ಹೋಫೆನ್ ಹೆಸರನ್ನು ತಮ್ಮ ಹೊಸ ವಾಯುಪಡೆಗೆ ಬಂಡವಾಳ ಮಾಡಿಕೊಂಡರು. ಮಾನ್‌ಫ್ರೆಡ್‌ನ ಕೊನೆಯ ಹಾರಾಟದ ದಿನ ಜೊತೆಗೆ ಹಾರಿದ್ದ ದಾಯಾದಿ ವೋಲ್ಫ್ರಾಮ್, 1937ರ ಏಪ್ರಿಲ್ 26ರಂದು ಸ್ಪೇನಿನ ಗೆರ್ನಿಕಾ ಪಟ್ಟಣದ ಮೇಲೆ ನಡೆದ ಬಾಂಬ್ ದಾಳಿಯ ಯೋಜಕರಲ್ಲೊಬ್ಬ. ಸತ್ತವನನ್ನು ಇದಕ್ಕೆ ಹೊಣೆ ಮಾಡುವುದು ನ್ಯಾಯವಲ್ಲ. ಆದರೆ ಒಂದೇ ಬಾಜುವಿನ ಲೆಕ್ಕ ಯಾರ ಕೈಗೆ ಸಿಕ್ಕರೂ ಉಪಯೋಗಕ್ಕೆ ಬರುತ್ತದೆಂಬುದನ್ನು ಇದು ತೋರಿಸುತ್ತದೆ. ಆಮೇಲೆ ಬರ್ಲಿನ್ ನಗರ ಒಡೆದು ಗೋಡೆ ಎದ್ದಾಗ ಆ ಸ್ಮಶಾನ ಗಡಿಯ ಮೇಲೆಯೇ ಬಂದಿತು. ದಾಟಿ ಓಡುವವರ ಮೇಲೆ ಹಾರಿಸಿದ ಗುಂಡುಗಳು ಆತನ ಸಮಾಧಿಯ ಕಲ್ಲಿಗೂ ಬಡಿದವು. 1975ರಲ್ಲಿ ಅವಶೇಷಗಳನ್ನು ವೀಸ್‌ಬಾಡೆನ್‌ಗೆ ಒಯ್ದರು. ಬೆಳ್ಳಿ ಬಟ್ಟಲುಗಳು 1945ರಲ್ಲಿ ರಷ್ಯದ ಸೈನ್ಯ ಬಂದ ಕಾಲದಲ್ಲಿ ಕಾಣೆಯಾದವು. ಅಮೆರಿಕದಲ್ಲಿ ಈಗ ‘ರೆಡ್ ಬ್ಯಾರನ್’ ಹೆಸರಿನಲ್ಲಿ ಪಿಜ್ಜಾ ಮಾರುತ್ತಾರೆ.

ಇದೆಲ್ಲ ಪರರಾಜ್ಯದ ಕಥೆಯೆಂದು ಯಾರಾದರೂ ಅನ್ನಬಹುದು. ಅದೇ ಆಕಾಶದಲ್ಲಿ ನಮ್ಮ ದೇಶದ ಹುಡುಗನೂ ಇದ್ದ. ಕಲಕತ್ತೆಯಲ್ಲಿ ಹುಟ್ಟಿದ ಇಂದ್ರಲಾಲ್ ರಾಯ್ ಬ್ರಿಟಿಷರ ಕಡೆಯಿಂದ ಹಾರಿ, 1918ರ ಜುಲೈಯಲ್ಲಿ ಎರಡೇ ವಾರಗಳಲ್ಲಿ 10 ಗೆಲುವು ಗಳಿಸಿ, ಜುಲೈ 22ರಂದು ಮಡಿದ. ವಯಸ್ಸು 19, ಮಾರಿಸ್‌ನ ವಯಸ್ಸೇ. ಈ ಹೆಸರು ಓದಿದೊಡನೆ ನಮ್ಮ ಎದೆ ಉಬ್ಬುತ್ತದೆ, ಉಬ್ಬಬೇಕಾದದ್ದೇ. ಆದರೆ ರಿಖ್ತ್‌ಹೋಫೆನ್‌ನಿಗೆ ಕೇಳಿದ ಪ್ರಶ್ನೆಯನ್ನು ಇಂದ್ರಲಾಲನ ಹತ್ತು ಗೆಲುವುಗಳಿಗೂ ಕೇಳುವ ಧೈರ್ಯ ನಮಗಿರಬೇಕು. ಆ ವಿಮಾನಗಳಲ್ಲಿದ್ದವರು ಯಾರು? ಅವರ ತಾಯಂದಿರು ಯಾರು? ಪರರ ವೀರನಿಗೆ ಒಂದು ತಕ್ಕಡಿ, ನಮ್ಮವನಿಗೆ ಇನ್ನೊಂದು ತಕ್ಕಡಿ ಇಟ್ಟರೆ ಅದು ಕಳ್ಳ ತೂಕವಾಗುತ್ತದೆ.

ನಮ್ಮ ಅಭಿಪ್ರಾಯ ಇಷ್ಟೇ. ಧೈರ್ಯ, ಶಿಸ್ತು, ಜೊತೆಯವರನ್ನು ಬಿಟ್ಟುಕೊಡದಿರುವುದು ಒಳ್ಳೆಯ ಗುಣಗಳೇ. ಹರಿತವಾದ ಕುಡುಗೋಲೂ ಒಳ್ಳೆಯದೇ, ಆದರೆ ಅದರಿಂದ ಏನು ಕೊಯ್ದರೆಂದು ಕೇಳದೆ ಹರಿತವನ್ನಷ್ಟೇ ಹೊಗಳುವುದು ಅವಿವೇಕ. ಗುಣಕ್ಕೆ ಬೆಲೆ ಕೊಡೋಣ, ಆ ಗುಣ ಮಾಡಿದ ಕೆಲಸಕ್ಕೆ ತೆತ್ತ ಬೆಲೆಯನ್ನೂ ಬರೆಯೋಣ. ಮಕ್ಕಳಿಗೆ ಯಾವ ವೀರನ ಕಥೆ ಹೇಳಿದರೂ, ಎಷ್ಟು ಮಂದಿಯನ್ನು ಸೋಲಿಸಿದ ಎಂದು ಹೇಳಿ ನಿಲ್ಲಿಸದೆ, ಸೋತವರ ಮನೆಯಲ್ಲಿ ಅಂದು ಏನಾಯಿತೆಂದೂ ಹೇಳೋಣ. ಒಂದೆರಡು ಹೆಸರು ಗೊತ್ತಿದ್ದರೆ ಹೆಸರು ಹಿಡಿದೇ ಹೇಳೋಣ. ಎಂಬತ್ತು ಎಂಬ ಅಂಕಿ ಎಲ್ಲರಿಗೂ ಬಾಯಿಪಾಠವಾಗಿದೆ. ಲಯನೆಲ್ ಮಾರಿಸ್, ಟಾಮ್ ರೀಸ್ ಎಂಬ ಎರಡು ಹೆಸರುಗಳನ್ನು ಓದುಗರು ನೆನಪಿಟ್ಟರೆ ಆ ಖಾತೆಯ ಇನ್ನೊಂದು ಬಾಜುವಿನಲ್ಲಿ ಮೊದಲ ಸಾಲು ಬರೆದಂತಾಗುತ್ತದೆ.

— ಕಾರ್ಯದರ್ಶಿಗಳು, ಶ್ರೀಮಠ