ಕಚೇರಿಯ ಬಾಗಿಲಲ್ಲಿ ನಮ್ಮ ಪಾಳಿ

ತಾಲೂಕು ಕಚೇರಿಯ ಮುಂದೆ ಒಬ್ಬ ವಿಧವೆ ನಿಂತಿರುವುದನ್ನು ಊಹಿಸಿಕೊಳ್ಳಿರಿ. ಊರು ದೇವದುರ್ಗವಾಗಿರಲಿ, ಮಾನ್ವಿಯಾಗಿರಲಿ. ಬೆಳಗಿನ ಬಸ್ಸಿಗೆ ಹಳ್ಳಿಯಿಂದ ಬಂದಿದ್ದಾಳೆ. ಅಂದಿನ ಕೂಲಿ ಹೋಯಿತು. ಮೂರು ತಿಂಗಳಿಂದ ಪಿಂಚಣಿ ನಿಂತಿದೆ. ‘ನಾಳೆ ಬಾರಮ್ಮ’ ಎಂಬ ಮಾತನ್ನು ಆಕೆ ಈಗಾಗಲೇ ನಾಲ್ಕು ಸಲ ಕೇಳಿದ್ದಾಳೆ. ಅಷ್ಟರಲ್ಲಿ ಒಬ್ಬ ಸಭ್ಯ ಗೃಹಸ್ಥರು ಬರುತ್ತಾರೆ. ಒಳಗಿನ ಗುಮಾಸ್ತರು ಅವರಿಗೆ ಪರಿಚಿತರು. ಯೋಗಕ್ಷೇಮದ ಮಾತಾಗುತ್ತದೆ, ಚಹಾ ಬರುತ್ತದೆ, ಮಗನ ಕಾಲೇಜಿಗೆ ಬೇಕಾದ ಆದಾಯ ಪ್ರಮಾಣ ಪತ್ರದ ಕೆಲಸ ಅಲ್ಲಿಯೇ ಮುಗಿಯುತ್ತದೆ. ‘ಅಲ್‌ಹಮ್ದುಲಿಲ್ಲಾಹ್, ಬೇಗ ಆಯಿತು’ ಎನ್ನುತ್ತಾ ಅವರು ಆ ಹೆಂಗಸಿನ ಪಕ್ಕದಲ್ಲೇ ಹಾದು ಹೋಗುತ್ತಾರೆ.

ಆ ಗೃಹಸ್ಥರು ತಾವಾಗಿರಬಹುದು. ಈ ಸಾಲುಗಳನ್ನು ಬರೆಯುತ್ತಿರುವವನಂತೂ ಆಗಿದ್ದಾನೆ, ಒಮ್ಮೆಯಲ್ಲ.

ಲಂಚ ಕೊಡುವವನೂ ಪಡೆಯುವವನೂ ಇಬ್ಬರೂ ಶಾಪಕ್ಕೆ ಪಾತ್ರರೆಂದು ಪ್ರವಾದಿವರ್ಯರು(ಸ) ಎಚ್ಚರಿಸಿದ್ದಾರೆಂಬುದು ನಮ್ಮ ಮಕ್ಕಳಿಗೂ ಗೊತ್ತು. ಆದರೆ ಮಾತು ಬಂದಾಗ ನಾವು ಪಡೆಯುವವನನ್ನು ಮಾತ್ರ ಬಯ್ಯುತ್ತೇವೆ. ‘ಕೊಡದಿದ್ದರೆ ಕೆಲಸ ಆಗುವುದಿಲ್ಲವಲ್ಲ’ ಎಂಬ ಸಮಾಧಾನ ನಮ್ಮ ಬಳಿ ಸಿದ್ಧವಾಗಿರುತ್ತದೆ. ತನ್ನ ನ್ಯಾಯವಾದ ಹಕ್ಕು ಬೇರಾವ ದಾರಿಯಿಂದಲೂ ದೊರೆಯದೆ ನಿರ್ಬಂಧಿತನಾದವನಿಗೆ ಅನೇಕ ಧರ್ಮಶಾಸ್ತ್ರಜ್ಞರು ರಿಯಾಯಿತಿ ನೀಡಿದ್ದಾರೆ, ನಿಜ. ಆದರೆ ಅದು ಇನ್ನೊಬ್ಬನ ಹಕ್ಕಿಗೆ ಚ್ಯುತಿ ತರದಿದ್ದಾಗ ಮಾತ್ರ. ಅದಿರಲಿ, ವಶೀಲಿಯ ಬಗ್ಗೆ ಏನನ್ನುತ್ತೀರಿ? ಅಲ್ಲಿ ಹಣದ ಮಾತೇ ಇಲ್ಲ, ಬಲವಂತವೂ ಇಲ್ಲ. ಪರಿಚಯವಿತ್ತು, ಉಪಯೋಗಿಸಿಕೊಂಡೆವು. ಆದರೆ ಪಾಳಿಯಲ್ಲಿ ನಿಂತಿದ್ದ ಆ ವಿಧವೆಯ ಹತ್ತು ನಿಮಿಷಗಳನ್ನು ನಾವು ಎತ್ತಿಕೊಂಡೆವಲ್ಲ, ಅದನ್ನು ಯಾವ ಹೆಸರಿನಿಂದ ಕರೆಯೋಣ?

ಕಚೇರಿಯ ಕನ್ನಡದಲ್ಲಿ ಒಂದು ವಿಚಿತ್ರವಿದೆ. ಅರ್ಜಿ, ತಹಸೀಲ್ದಾರ್ ಮುಂತಾದ ಮಾತುಗಳಂತೆಯೇ ‘ಅಮಾನತು’ ಎಂಬುದೂ ಅರಬಿ ಮೂಲದ್ದು. ನಮ್ಮ ಮನೆಗಳಲ್ಲಿ ಅಮಾನತ್ ಎಂದರೆ ನಂಬಿ ಒಪ್ಪಿಸಿದ ವಸ್ತು. ಕಚೇರಿಯಲ್ಲಿ ನೌಕರನನ್ನು ಕೆಲಸದಿಂದ ತಡೆಹಿಡಿದರೆ ಅದು ಅಮಾನತು. ನಂಬಿಕೆಯ ಮಾತು ಶಿಕ್ಷೆಯ ಮಾತಾಗಿ ಉಳಿದುಕೊಂಡಿದೆ!

ಖಲೀಫಾ ಉಮರ್(ರ)ರ ಆಡಳಿತದ ಒಂದು ಪ್ರಸಂಗವನ್ನು ಚರಿತ್ರೆಕಾರರು ದಾಖಲಿಸಿದ್ದಾರೆ. ಕೂಫಾದ ರಾಜ್ಯಪಾಲರಾಗಿದ್ದ ಸಅದ್ ಬಿನ್ ಅಬೀ ವಕ್ಕಾಸ್(ರ) ಪೇಟೆಯ ಗದ್ದಲ ಕೇಳಿಸದಿರಲೆಂದು ತಮ್ಮ ನಿವಾಸಕ್ಕೆ ಬಾಗಿಲು ಇರಿಸಿದರು. ಸುದ್ದಿ ಮದೀನಕ್ಕೆ ತಲುಪಿತು. ಉಮರ್(ರ) ಮುಹಮ್ಮದ್ ಬಿನ್ ಮಸ್ಲಮಾ(ರ)ರನ್ನು ಕಳುಹಿಸಿ ಆ ಬಾಗಿಲನ್ನೇ ಸುಡಿಸಿದರು. ಸಅದ್(ರ) ಸಾಮಾನ್ಯರಲ್ಲ, ಪ್ರವಾದಿವರ್ಯರ(ಸ) ಆಪ್ತ ಸಂಗಾತಿಗಳು. ಇಲ್ಲಿ ಪ್ರಶ್ನೆ ಅವರ ಪ್ರಾಮಾಣಿಕತೆಯದಾಗಿರಲಿಲ್ಲ. ಪ್ರಶ್ನೆ ಇದ್ದುದು ಜನರಿಗೂ ಅಧಿಕಾರಿಗೂ ನಡುವೆ ಎದ್ದ ಮರದ ಹಲಗೆಯದು. ನಮ್ಮ ಕಾಲದಲ್ಲಿ ಆ ಹಲಗೆಯ ಸಂದಿಯಲ್ಲಿ ನುಸುಳುವ ಕಲೆ ನಮಗೆ ಗೊತ್ತಿದೆ. ಆದುದರಿಂದಲೇ ಅದನ್ನು ತೆಗೆಸಬೇಕೆಂದು ನಮಗೆ ತೋರುವುದಿಲ್ಲ.

ಡಾ. ಡಿ. ಎಂ. ನಂಜುಂಡಪ್ಪ ಸಮಿತಿಯು 2002ರಲ್ಲಿ ವರದಿ ಕೊಟ್ಟಾಗ ದೇವದುರ್ಗ, ಮಾನ್ವಿ ಎರಡೂ ರಾಜ್ಯದ ಅತ್ಯಂತ ಹಿಂದುಳಿದ ತಾಲೂಕುಗಳ ಪಟ್ಟಿಯಲ್ಲಿದ್ದವು. 2013ರಿಂದ ಸಂವಿಧಾನದ 371(ಜೆ) ವಿಧಿ ಜಾರಿಗೆ ಬಂದು ಪ್ರತ್ಯೇಕ ಮಂಡಳಿ, ಅನುದಾನ, ಉದ್ಯೋಗದಲ್ಲಿ ಮೀಸಲಾತಿ ಎಲ್ಲವೂ ದೊರೆತವು. ಆದರೆ ಹಣ ಬಂದ ಮಾತ್ರಕ್ಕೆ ಕಚೇರಿಗೆ ಕಿವಿ ಬರುವುದಿಲ್ಲ. ಕೃಷ್ಣೆ ಮತ್ತು ತುಂಗಭದ್ರೆಗಳ ನಡುವೆ ಇರುವ ರಾಯಚೂರಿನಲ್ಲಿ 2022ರ ಮೇ-ಜೂನ್ ತಿಂಗಳಲ್ಲಿ ನಲ್ಲಿಯ ಕಲುಷಿತ ನೀರು ಕುಡಿದು ಅನೇಕರು ಆಸ್ಪತ್ರೆ ಸೇರಿದರು, ಹಲವರು ಪ್ರಾಣವನ್ನೇ ಕಳೆದುಕೊಂಡರು. ಮರುವರ್ಷ ದೇವದುರ್ಗ ತಾಲೂಕಿನ ರೇಕಲಮರಡಿಯಲ್ಲಿಯೂ ಅಂತಹದೇ ದುಃಖ, ಒಬ್ಬ ಬಾಲಕನ ಸಾವು. ಆ ಬಳಿಕ ತನಿಖೆ, ಪರಿಹಾರ ಎಲ್ಲ ಬಂದವು. ಆದರೆ ಅದಕ್ಕೂ ಮುಂಚಿನ ದಿನಗಳ ಕುರಿತು ಯೋಚಿಸಿ ನೋಡಿ. ನಲ್ಲಿಯ ನೀರು ಕೆಟ್ಟಾಗ ಉಳ್ಳವರು ಏನು ಮಾಡುತ್ತಾರೆ? ಕ್ಯಾನ್ ನೀರು ತರಿಸುತ್ತಾರೆ, ಮನೆಯಲ್ಲಿ ಯಂತ್ರ ಕೂಡಿಸುತ್ತಾರೆ. ಯಾರ ಮಾತಿಗೆ ಅಧಿಕಾರಿ ಎದ್ದು ನಿಲ್ಲುತ್ತಿದ್ದನೋ ಅವರ ದೂರು ಕಚೇರಿಗೆ ಬರುವುದೇ ಇಲ್ಲ. ಮಾತು ನಡೆಯದವರಿಗೆ ಆ ನಲ್ಲಿ ಉಳಿಯುತ್ತದೆ. ನೀರು ಕೊಂಡುಕೊಳ್ಳುವುದು ಪಾಪವೆಂದು ನಾನು ಹೇಳುತ್ತಿಲ್ಲ. ಕೊಂಡ ಮೇಲೆ ಮೌನವಾಗಿರುವುದರ ಬಗ್ಗೆ ಹೇಳುತ್ತಿದ್ದೇನೆ.

ಕಾಲುವೆಯ ಕಥೆಯೂ ಇದೇ. ಮುನಿರಾಬಾದಿನಿಂದ ಹೊರಡುವ ತುಂಗಭದ್ರಾ ಎಡದಂಡೆ ಕಾಲುವೆ ಸುಮಾರು 227 ಕಿಲೋಮೀಟರ್ ಉದ್ದವಿದೆ. ಕಡಿಮೆ ನೀರಿನ ಬೆಳೆಗಳಿಗೆಂದು ಯೋಜಿಸಿದ ಜಮೀನುಗಳಲ್ಲಿ ಮೇಲ್ಭಾಗದವರು ಭತ್ತ ಹಚ್ಚಿದರು. ಸಾಲದೆಂದು ಅಕ್ರಮವಾಗಿ ಪಂಪು ಹಚ್ಚಿ ನೀರೆತ್ತಿದವರೂ ಇದ್ದಾರೆ. ಮಾನ್ವಿ, ರಾಯಚೂರು ಕಡೆಯ ಕೊನೆಭಾಗದ ರೈತರು ಎಷ್ಟು ವರ್ಷಗಳಿಂದ ರಸ್ತೆಗಿಳಿದು ನೀರು ಕೇಳುತ್ತಿದ್ದಾರೆ! ಇಲಾಖೆಯ ದೌರ್ಬಲ್ಯ ಇದರಲ್ಲಿ ಖಂಡಿತ ಇದೆ. ಆದರೆ ನೀರೆತ್ತಿದ ಕೈ ಇಲಾಖೆಯದಲ್ಲ. ಅವನೂ ತನ್ನ ಊರಲ್ಲಿ ಸಭ್ಯ ಗೃಹಸ್ಥನೇ. ‘ಎಲ್ಲರೂ ಎತ್ತುತ್ತಾರೆ’ ಎನ್ನುತ್ತಾನೆ. ತಹಸೀಲ್ದಾರರ ಕಚೇರಿಯಲ್ಲಿ ಪಾಳಿ ಮುರಿದು ಮುಂದೆ ಹೋದ ನಾವು ಅವನಿಗೆ ಯಾವ ಬಾಯಿಂದ ಬುದ್ಧಿ ಹೇಳೋಣ?

ಗುಮಾಸ್ತರ ಪರವಾಗಿಯೂ ಒಂದು ಮಾತು ಹೇಳಲೇಬೇಕು. ಖಾಲಿ ಹುದ್ದೆಗಳು ನಮ್ಮ ಭಾಗದ ಹಳೆಯ ರೋಗ. ಇಬ್ಬರ, ಮೂವರ ಕೆಲಸವನ್ನು ಒಬ್ಬನೇ ಎಳೆಯುವುದುಂಟು. ಇಲ್ಲಿಗೆ ನೇಮಕಗೊಂಡವರು ವಶೀಲಿ ಹಿಡಿದು ಬೇರೆಡೆಗೆ ವರ್ಗ ಮಾಡಿಸಿಕೊಳ್ಳುವುದೂ ಉಂಟು. ನೋಡಿ, ಅಲ್ಲಿಯೂ ಅದೇ ವಶೀಲಿ!

ಹಾಗಾದರೆ ಬಡವನಿಗೆ ದಾರಿಯೇ ಇಲ್ಲವೇ? ಕಾನೂನಿನಲ್ಲಿದೆ. 2012ರ ಏಪ್ರಿಲ್‌ನಿಂದ ರಾಜ್ಯದಾದ್ಯಂತ ಜಾರಿಯಾದ ಸಕಾಲ ವ್ಯವಸ್ಥೆಯಲ್ಲಿ ಅರ್ಜಿ ಕೊಟ್ಟವನಿಗೆ ಸಂಖ್ಯೆಯಿರುವ ಸ್ವೀಕೃತಿ ದೊರೆಯಬೇಕು. ಗಡುವು ಮೀರಿದರೆ ಮೇಲ್ಮನವಿಯುಂಟು. ದಿನಕ್ಕೆ 20 ರೂಪಾಯಿಯಂತೆ 500 ರೂಪಾಯಿಯವರೆಗೆ ಪರಿಹಾರವುಂಟು, ಅದೂ ವಿಳಂಬ ಮಾಡಿದ ನೌಕರನಿಂದ ವಸೂಲಾಗುವಂತಹದು. 2005ರ ಮಾಹಿತಿ ಹಕ್ಕು ಕಾಯಿದೆಯಂತೆ 10 ರೂಪಾಯಿ ಕಟ್ಟಿ ಕೇಳಿದರೆ 30 ದಿನಗಳೊಳಗೆ ಉತ್ತರ ಕೊಡಬೇಕು. 1993ರ ಪಂಚಾಯತ್ ರಾಜ್ ಕಾಯಿದೆಯ ಪ್ರಕಾರ ಗ್ರಾಮಸಭೆ ಆರು ತಿಂಗಳಿಗೊಮ್ಮೆಯಾದರೂ ಸೇರಬೇಕು. ಆ ಸಭೆಗಳಲ್ಲಿ ನಮ್ಮಲ್ಲಿ ಎಷ್ಟು ಮಂದಿ ಕುಳಿತಿದ್ದೇವೆ? ನಮ್ಮ ಮಹಿಳೆಯರನ್ನು ಕರೆದುಕೊಂಡು ಹೋಗಿದ್ದೇವೆಯೇ? ಬಲ್ಲವರಿಗೆ ಪರಿಚಯದ ದಾರಿ ಸುಲಭವಾದುದರಿಂದ ಈ ದಾರಿಯಲ್ಲಿ ಹುಲ್ಲು ಬೆಳೆದಿದೆ. ನಡೆಯದ ದಾರಿಯನ್ನು ಯಾವ ಸರಕಾರವೂ ರಿಪೇರಿ ಮಾಡುವುದಿಲ್ಲ.

ಮುಂದಿನ ಬಾರಿ ತಮಗೆ ಪ್ರಮಾಣ ಪತ್ರ ಬೇಕಾದಾಗ ಪಾಳಿಯಲ್ಲಿ ನಿಂತು ನೋಡಿ. ಅರ್ಧ ದಿನ ಹೋಗಬಹುದು, ಸಿಟ್ಟೂ ಬರಬಹುದು. ಆ ಸಿಟ್ಟನ್ನು ಒಂದು ಹಾಳೆಯ ಮೇಲೆ ಬರೆದು, ಸಹಿ ಹಾಕಿ, ಒಳಗೆ ಕೊಡಿ. ಅದಕ್ಕೂ ಸ್ವೀಕೃತಿ ಕೇಳಿ. ತಮ್ಮ ಮುಂದೆ ನಿಂತಿರುವ ಹೆಂಗಸಿನ ಕೈಯಲ್ಲಿ ಸಕಾಲದ ಚೀಟಿ ಇದೆಯೇ ಎಂದು ಕೇಳಿ. ಬಹುಶಃ ಇರುವುದಿಲ್ಲ, ಯಾರೂ ಆಕೆಗೆ ಹೇಳಿರುವುದಿಲ್ಲ. ತಮ್ಮ ಜೇಬಿನಲ್ಲಿ ಪೆನ್ನು ಇದ್ದೇ ಇರುತ್ತದೆ.