ರಾಜನ್-ನಾಗೇಂದ್ರ: ನಡುವಿನ ಆ ಸಣ್ಣ ಗೆರೆ

‘ಎರಡು ಕನಸು’ (1974) ಚಿತ್ರದ ಹಾಡುಗಳು ಇವತ್ತಿಗೂ ನಮ್ಮ ಫೋನಲ್ಲಿವೆ. ಸಂಗೀತ ಯಾರದ್ದು ಅಂತ ಕೇಳಿದರೆ ಎಲ್ಲರೂ ಒಂದೇ ಉಸಿರಿಗೆ ರಾಜನ್-ನಾಗೇಂದ್ರ ಅನ್ನುತ್ತಾರೆ. ಇಬ್ಬರೂ ಮೈಸೂರಿನ ಅಣ್ಣತಮ್ಮ. ಅಣ್ಣ ರಾಜನ್ ಕಲಿತದ್ದು ಪಿಟೀಲು, ತಮ್ಮ ನಾಗೇಂದ್ರ ಜಲತರಂಗ. 1950ರ ದಶಕದಲ್ಲಿ ಶುರುವಾದ ಜೋಡಿ ‘ಗಂಧದ ಗುಡಿ’, ‘ಬಯಲು ದಾರಿ’, ‘ಹೊಂಬಿಸಿಲು’ ಎಲ್ಲ ದಾಟಿ ಬಂದರೂ ಹೆಸರಿನ ನಡುವಿನ ಆ ಸಣ್ಣ ಗೆರೆ ಹಾಗೇ ಉಳಿಯಿತು. ಪಲ್ಲವಿ ಹೊಳೆದದ್ದು ಯಾರಿಗೆ, ಚರಣಕ್ಕೆ ಮೊದಲು ಬರುವ ಕೊಳಲಿನ ತುಣುಕು ಯಾರದ್ದು ಅಂತ ಹಾಡು ಕೇಳುವವರು ವಿಚಾರಿಸಲೂ ಇಲ್ಲ.

ನಮ್ಮ ಆಫೀಸುಗಳಲ್ಲಿ ಹೀಗೆ ನಡೆಯುತ್ತದಾ? ಕೋಡಿನ ಪ್ರತಿ ಸಾಲಿಗೂ ಬರೆದವರ ಹೆಸರು, ತಾರೀಕು ಅಂಟಿಕೊಂಡಿರುತ್ತದೆ. ಅಪ್ರೈಸಲ್‌ನಲ್ಲಿ ‘ನಾವು ಮಾಡಿದೆವು’ ಅಂದರೆ ಮುಂದಿನ ಪ್ರಶ್ನೆ ರೆಡಿ: ‘ಅದರಲ್ಲಿ ನೀವು ಮಾಡಿದ್ದೇನು?’

ಈ ಪ್ರಶ್ನೆ ನ್ಯಾಯವೇ? ಕೆಲವು ಕಡೆ ಹೌದು. ನಮ್ಮ ಕೋಡಿಂಬಾಳದ ಕಡೆ ಅಡಿಕೆ ಸುಲಿಯುವವರಿಗೆ ಸುಲಿದಷ್ಟಕ್ಕೆ ಕೂಲಿ. ಅವರವರ ರಾಶಿ ಅವರವರಿಗೆ, ತಕರಾರಿಲ್ಲ. ಆದರೆ ಇಬ್ಬರು ಎರಡು ತುದಿ ಹಿಡಿದು ಎಳೆಯುವ ಗರಗಸದಲ್ಲಿ ಮರ ಕೊಯ್ದರೆ? ಒಬ್ಬ ಕೈಬಿಟ್ಟರೆ ಸಿಗುವುದು ಅರ್ಧ ಹಲಗೆ ಅಲ್ಲ, ಹಲಗೆಯೇ ಇಲ್ಲ. ಅಲ್ಲಿ ಪಾಲು ಕೇಳುವುದರಲ್ಲಿ ಅರ್ಥವಿಲ್ಲ.

ಕಾನೂನಿಗೂ ಇದು ಗೊತ್ತು. 1957ರ ಕಾಪಿರೈಟ್ ಕಾಯ್ದೆಯ ಪ್ರಕಾರ, ಒಬ್ಬರ ಕೊಡುಗೆಯನ್ನು ಇನ್ನೊಬ್ಬರದ್ದರಿಂದ ಬೇರೆ ಮಾಡಿ ತೋರಿಸಲಾಗದಂತೆ ಕೂಡಿ ಮಾಡಿದ್ದು ಜಂಟಿ ಕೃತಿ. ಅಂಥ ಸಂಗೀತದ ಹಕ್ಕಿನ 60 ವರ್ಷದ ಲೆಕ್ಕ ಶುರುವಾಗುವುದು ಜೊತೆಗಾರರಲ್ಲಿ ಕೊನೆಗೆ ಹೋದವರ ಸಾವಿನ ನಂತರ. ನಾಗೇಂದ್ರ ತೀರಿಕೊಂಡದ್ದು 2000ದಲ್ಲಿ, ರಾಜನ್ 2020ರಲ್ಲಿ. ಅಂದರೆ ಇಬ್ಬರೂ ಕೂಡಿ ಕಟ್ಟಿದ ಹಾಡುಗಳಲ್ಲಿ ತಮ್ಮನ ಪಾಲಿಗೂ ಅಣ್ಣ ಬದುಕಿದ ಆ 20 ವರ್ಷ ಸೇರಿಕೊಂಡಿತು. ಕಾಯ್ದೆ ಪುಸ್ತಕದಲ್ಲಿ ಇಷ್ಟು ಮನುಷ್ಯತ್ವ ಇರುತ್ತದೆ ಅಂತ ನಾನು ಅಂದುಕೊಂಡಿರಲಿಲ್ಲ.

ಹಾಗಂತ ‘ನಾವು’ ಅಂದದ್ದೆಲ್ಲ ಒಳ್ಳೆಯದು ಅಂತ ಅಲ್ಲ ಮಾರಾಯ್ರೇ. ಅದೇ ಹಾಡುಗಳಿಗೆ ಪಿಟೀಲು, ತಬಲಾ ನುಡಿಸಿದವರ ಹೆಸರು ನಮ್ಮಲ್ಲಿ ಎಷ್ಟು ಜನರಿಗೆ ಗೊತ್ತು? ಸಣ್ಣ ಗೆರೆಯ ಆಚೆ ಈಚೆ ಇಬ್ಬರಿಗೆ ಮಾತ್ರ ಜಾಗ. ಐಟಿಯಲ್ಲೂ ಅಷ್ಟೇ. ಜೂನಿಯರ್ ಒಬ್ಬಳು ರಾತ್ರಿಯಿಡೀ ಕೂತು ಸರಿಮಾಡಿದ್ದು ಬೆಳಗಿನ ಮೀಟಿಂಗಲ್ಲಿ ‘ಟೀಮ್ ವರ್ಕ್’ ಆಗುತ್ತದೆ, ಬಡ್ತಿ ಮಾತ್ರ ಇನ್ಯಾರಿಗೋ. ಅಲ್ಲಿ ಆ ಹುಡುಗಿ ಲೆಕ್ಕ ಕೇಳಿದರೆ ಅದು ಅಹಂಕಾರ ಅಲ್ಲ.

ಹಾಗಾಗಿ ‘ನಾವು’ ಅನ್ನುವವರು ಏನು ಬಿಟ್ಟುಕೊಡುತ್ತಿದ್ದಾರೆ ಅಂತ ನೋಡಬೇಕು. ರಾಜನ್ ಮತ್ತು ನಾಗೇಂದ್ರ ಇಬ್ಬರೂ ತಂತಮ್ಮ ಒಂಟಿ ಹೆಸರನ್ನು ಬಿಟ್ಟುಕೊಟ್ಟಿದ್ದರು. ನಾವು ಬಿಟ್ಟುಕೊಡುವುದು ಹೆಚ್ಚಾಗಿ ಪಕ್ಕದ ಸೀಟಿನವರ ಹೆಸರನ್ನು. ಜೊತೆಗೆ ದುಡಿದವರ ಹೆಸರನ್ನು ಮೊದಲು ಹೇಳಲಿ, ಆಮೇಲೆ ‘ನಾವು’ ಅನ್ನಲಿ.