ಒಂದೇ ಆಟ, ಎರಡು ಗುರುತು

ಕಂಪ್ಯೂಟರಿನ ಡೆಸ್ಕ್‌ಟಾಪ್ ಮೇಲೆ ಕಾಣುವ ಗೇಮಿನ ಐಕಾನ್ ಸಾಮಾನ್ಯವಾಗಿ ಗೇಮ್ ಅಲ್ಲ, ಗೇಮನ್ನು ತೋರಿಸುವ ಶಾರ್ಟ್‌ಕಟ್. ವಿಂಡೋಸ್‌ನಲ್ಲಿ ಅದು ಕೆಲವೇ ಕಿಲೋಬೈಟ್ ಗಾತ್ರದ ಫೈಲ್. ಗೇಮ್ ಎಲ್ಲಿದೆ ಎಂಬ ವಿಳಾಸ, ಅದನ್ನು ಹೇಗೆ ಶುರು ಮಾಡಬೇಕು ಎಂಬ ಸೂಚನೆ, ಯಾವ ಫೋಲ್ಡರಿನಿಂದ ನಡೆಸಬೇಕು, ಯಾವ ಚಿತ್ರ ತೋರಿಸಬೇಕು ಎಂಬಷ್ಟೇ ಅದರೊಳಗೆ ಇರುತ್ತದೆ. ಗೇಮುಗಳ ಅಂಗಡಿಯಾದ ಸ್ಟೀಮ್ ಮಾಡಿಕೊಡುವ ಶಾರ್ಟ್‌ಕಟ್‌ನಲ್ಲಿ ವಿಳಾಸವೂ ಇರುವುದಿಲ್ಲ. ಗೇಮಿನ ಸಂಖ್ಯೆಯೊಂದಿರುತ್ತದೆ, ಅದನ್ನು ನೋಡಿ ಸ್ಟೀಮ್ ಗೇಮನ್ನು ಹುಡುಕಿ ತೆರೆಯುತ್ತದೆ. ಹೀಗಾಗಿ ಶಾರ್ಟ್‌ಕಟ್ ಅಳಿಸಿದರೆ ಗೇಮಿಗೆ ಏನೂ ಆಗುವುದಿಲ್ಲ.

ಇಂಥ ಶಾರ್ಟ್‌ಕಟ್‌ಗಳು ಬೇಗ ಬೆಳೆಯುತ್ತವೆ. ಇನ್‌ಸ್ಟಾಲ್ ಆಗುವಾಗ ಗೇಮ್ ತಾನೇ ಒಂದು ಇಡುತ್ತದೆ, ಅದನ್ನು ಮಾರಿದ ಸ್ಟೀಮ್ ಅಥವಾ ಎಪಿಕ್ ಇನ್ನೊಂದು ಇಡುತ್ತದೆ. ಡೆಸ್ಕ್‌ಟಾಪ್ ಎಂದು ಕಾಣುವುದು ನಿಜಕ್ಕೆ ಎರಡು ಫೋಲ್ಡರುಗಳ ಕೂಡಿಕೆ: ಒಂದು ಆ ಬಳಕೆದಾರರದ್ದು, ಇನ್ನೊಂದು ಆ ಕಂಪ್ಯೂಟರ್ ಬಳಸುವ ಎಲ್ಲರದ್ದು. ಎರಡರಲ್ಲೂ ಒಂದೊಂದು ಶಾರ್ಟ್‌ಕಟ್ ಬಿದ್ದರೆ ತೆರೆಯ ಮೇಲೆ ಜೋಡಿ ಕಾಣುತ್ತದೆ. ಪ್ಲೇನೈಟ್, ಗಾಗ್ ಗ್ಯಾಲಕ್ಸಿಯಂಥ ತಂತ್ರಾಂಶಗಳು ಬೇರೆ ಬೇರೆ ಅಂಗಡಿಗಳ ಗೇಮುಗಳನ್ನು ಒಂದೇ ಲೈಬ್ರರಿಗೆ ತಂದಾಗ ಈ ಜೋಡಿ ಇನ್ನೂ ಹೆಚ್ಚುತ್ತದೆ.

ಎರಡು ಗುರುತುಗಳು ಒಂದನ್ನೇ ತೋರಿಸುತ್ತಿದ್ದರೆ ಎರಡನೆಯದು ವ್ಯರ್ಥವೇ? ಮನೆ ಗುಡಿಸುವ ಕೆಲಸದಂತೆ ಕಾಣುವ ಈ ಪ್ರಶ್ನೆಯನ್ನು ಭಾರತದ ದರ್ಶನಗಳು ಬಹಳ ಹಿಂದೆಯೇ ಗಂಭೀರವಾಗಿ ಎತ್ತಿಕೊಂಡಿದ್ದವು. ಒಂದೇ ಮಾತು ಎರಡು ಕಡೆ ಬಂದರೆ, ಒಂದೇ ದೇವರಿಗೆ ಹಲವು ಹೆಸರು ಇದ್ದರೆ, ಒಂದೇ ವಿಧಿ ವೇದದ ಎರಡು ಶಾಖೆಗಳಲ್ಲಿ ಕಂಡರೆ ಏನು ಮಾಡಬೇಕು ಎಂದು ಅವು ಕೇಳಿದವು. ಈ ಚರ್ಚೆಯ ಹಲವು ಕೊಂಡಿಗಳು ಕಾಗಿಣಾ ಮತ್ತು ಭೀಮಾ ನದಿಗಳ ನಡುವಿನ ನೆಲದಲ್ಲಿ, ಇಂದಿನ ಸೇಡಂ ಮತ್ತು ಚಿತ್ತಾಪುರ ತಾಲ್ಲೂಕುಗಳಲ್ಲಿ ಸಿಗುತ್ತವೆ.

ಮೊದಲು ‘ಎರಡು’ ಎಂದರೆ ಏನು ಎಂಬುದನ್ನು ಬಿಡಿಸಿಕೊಳ್ಳಬೇಕು. ಒಂದು ಗೇಮಿನ ಫೋಲ್ಡರನ್ನೇ ಕಾಪಿ ಮಾಡಿ ಇನ್ನೊಂದು ಡ್ರೈವಿನಲ್ಲಿ ಇಟ್ಟರೆ ಅಲ್ಲಿ ಇರುವುದು ಎರಡು ವಸ್ತು. ರೂಪ ಒಂದೇ ಆದರೂ ಒಂದನ್ನು ತಿದ್ದಿದರೆ ಇನ್ನೊಂದು ಬದಲಾಗುವುದಿಲ್ಲ. ಹಾರ್ಡ್ ಲಿಂಕ್ ಎಂಬ ಇನ್ನೊಂದು ವ್ಯವಸ್ಥೆ ಇದೆ. ಅಲ್ಲಿ ವಸ್ತು ಒಂದು, ಹೆಸರು ಎರಡು, ಎರಡೂ ಸರಿಸಮ. ಯಾವುದು ಮೂಲ, ಯಾವುದು ಆಮೇಲಿನದು ಎಂಬ ಭೇದವೇ ಇಲ್ಲ. ಒಂದು ಹೆಸರನ್ನು ಅಳಿಸಿದರೆ ವಸ್ತು ಉಳಿಯುತ್ತದೆ, ಕೊನೆಯ ಹೆಸರೂ ಹೋದಾಗ ಮಾತ್ರ ವಸ್ತು ಹೋಗುತ್ತದೆ. ಶಾರ್ಟ್‌ಕಟ್ ಈ ಎರಡೂ ಅಲ್ಲ. ಅದು ವಸ್ತುವಿನ ಹೊರಗೆ ನಿಂತು ವಸ್ತುವಿನ ಕಡೆ ಕೈ ತೋರುತ್ತದೆ. ಈ ಮೂರನ್ನು ಒಂದೇ ಎಂದು ಭಾವಿಸಿ ಅಳಿಸಲು ಹೊರಟವರು ಗುರುತನ್ನು ತೆಗೆಯಲು ಹೋಗಿ ವಸ್ತುವನ್ನೇ ಕಳೆದುಕೊಳ್ಳುತ್ತಾರೆ.

ಚಿತ್ತಾಪುರ ತಾಲ್ಲೂಕಿನ ಸನ್ನತಿ ಭೀಮಾ ನದಿಯ ದಡದ ಊರು, ಚಂದ್ರಲಾಂಬೆಯ ಕ್ಷೇತ್ರ. 1980ರ ದಶಕದಲ್ಲಿ ಅಲ್ಲಿನ ಕಾಳಿಕಾ ಗುಡಿಯಲ್ಲಿ ಮೂರ್ತಿಗೆ ಪೀಠವಾಗಿ ಬಳಕೆಯಾಗಿದ್ದ ಕಲ್ಲುಚಪ್ಪಡಿಯಲ್ಲಿ ಅಶೋಕನ ಬರಹ ಪತ್ತೆಯಾಯಿತು. ಅದರಲ್ಲಿ ಇರುವುದು 12ನೆಯ ಮತ್ತು 14ನೆಯ ಶಿಲಾಶಾಸನಗಳು, ಜೊತೆಗೆ ಎರಡು ಪ್ರತ್ಯೇಕ ಶಾಸನಗಳು. ಈ 14ನೆಯ ಶಾಸನದ ವಿಷಯವೇ ಪುನರುಕ್ತಿ. ತನ್ನ ಆಜ್ಞೆಗಳು ಕೆಲವೆಡೆ ಚಿಕ್ಕದಾಗಿ, ಕೆಲವೆಡೆ ಮಧ್ಯಮವಾಗಿ, ಕೆಲವೆಡೆ ವಿಸ್ತಾರವಾಗಿ ಇವೆ ಎಂದೂ, ಕೆಲವು ಮಾತುಗಳು ಅವುಗಳ ಸವಿಯಿಂದಾಗಿ ಜನ ಅನುಸರಿಸಲೆಂದು ಮತ್ತೆ ಮತ್ತೆ ಹೇಳಲ್ಪಟ್ಟಿವೆ ಎಂದೂ ಅರಸ ಅಲ್ಲಿ ತಿಳಿಸುತ್ತಾನೆ. ಪುನರುಕ್ತಿ ದೋಷ ಎಂದು ಯಾರಾದರೂ ಆಕ್ಷೇಪಿಸಬಹುದು ಎಂಬ ಅರಿವು ಆಗಲೇ ಇತ್ತು, ಅದಕ್ಕೆ ಉತ್ತರವೂ ಇತ್ತು: ಮಾತು ಸವಿಯಾದದ್ದು, ಜನ ಅದನ್ನು ಅನುಸರಿಸಬೇಕು. ಪ್ರತ್ಯೇಕ ಶಾಸನಗಳು ಅದಕ್ಕೆ ಮೊದಲು ಒಡಿಶಾದ ಧೌಲಿ ಮತ್ತು ಜೌಗಡದಲ್ಲಿ ಮಾತ್ರ ತಿಳಿದಿದ್ದವು. ಸನ್ನತಿಯ ಪ್ರತಿ ಸಿಕ್ಕಿದ್ದರಿಂದ ಒಂದು ಕಡೆ ಸವೆದ ಅಕ್ಷರವನ್ನು ಇನ್ನೊಂದು ಕಡೆಯ ಪಾಠದೊಂದಿಗೆ ಹೋಲಿಸಿ ನೋಡುವ ಅವಕಾಶ ಹೆಚ್ಚಿತು. ಎರಡನೆಯ ಪ್ರತಿಗೆ ತನ್ನದೇ ಕೆಲಸವಿದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷಿ ಈ ನೆಲದಲ್ಲಿ ಇನ್ನೊಂದಿಲ್ಲ.

ಪ್ರಶ್ನೆಯನ್ನು ಶಾಸ್ತ್ರವಾಗಿ ಬೆಳೆಸಿದವರು ವೇದವಾಕ್ಯಗಳ ಅರ್ಥವನ್ನು ವಿಚಾರಿಸುವ ಮೀಮಾಂಸಕರು. ಚಿತ್ತಾಪುರದ ಹತ್ತಿರದ ನಾಗಾವಿಯಲ್ಲಿ ಕಲ್ಯಾಣ ಚಾಲುಕ್ಯರ ಕಾಲದಲ್ಲಿ ಘಟಿಕಾಸ್ಥಾನ ಎಂಬ ದೊಡ್ಡ ವಿದ್ಯಾಕೇಂದ್ರವಿತ್ತು. ಒಂದನೆಯ ಸೋಮೇಶ್ವರನ ಕಾಲದ, 1058ರ ಶಾಸನದ ಪ್ರಕಾರ ವೇದ ಓದುವ 200 ವಿದ್ಯಾರ್ಥಿಗಳಿಗೆ ಅಲ್ಲಿ ಊಟ ವಸತಿಯ ಏರ್ಪಾಡಿತ್ತು. ಶಾಸ್ತ್ರ ಕಲಿಸುವವರಲ್ಲಿ ಭಾಟ್ಟ ದರ್ಶನಕ್ಕೆ ಒಬ್ಬರು, ಪ್ರಾಭಾಕರಕ್ಕೆ ಒಬ್ಬರು ಇದ್ದರು. ಮೀಮಾಂಸೆಯ ಎರಡೂ ಪಂಥಗಳಿಗೆ ಅಲ್ಲಿ ಪೀಠವಿತ್ತು. ಗ್ರಂಥಗಳನ್ನು ನೋಡಿಕೊಳ್ಳಲು ಆರು ಮಂದಿ ಸರಸ್ವತೀ ಭಂಡಾರಿಗರಿದ್ದರು. ಲೈಬ್ರರಿಯನ್ನು ಒಪ್ಪವಾಗಿ ಇಡುವುದೇ ಒಂದು ವೃತ್ತಿಯಾಗಿ ಈ ಸೀಮೆಯಲ್ಲಿ ಸುಮಾರು ಸಾವಿರ ವರ್ಷಗಳ ಹಿಂದೆಯೇ ಗೌರವ ಪಡೆದಿತ್ತು ಎಂಬುದು ನೆನಪಿನಲ್ಲಿ ಇರಬೇಕಾದ ಸಂಗತಿ.

ಮೀಮಾಂಸೆಯ ಮೂಲಗ್ರಂಥವಾದ ಜೈಮಿನಿ ಸೂತ್ರದ ಎರಡನೆಯ ಅಧ್ಯಾಯದ ವಿಷಯ ಕರ್ಮಭೇದ. ವೇದದ ಎರಡು ವಾಕ್ಯಗಳು ಒಂದೇ ಕರ್ಮವನ್ನು ಹೇಳುತ್ತವೋ, ಎರಡು ಕರ್ಮಗಳನ್ನೋ? ಭೇದವನ್ನು ಗುರುತಿಸಲು ಅದು ಆರು ಸಾಧನಗಳನ್ನು ಕೊಡುತ್ತದೆ: ಶಬ್ದಾಂತರ, ಅಭ್ಯಾಸ, ಸಂಖ್ಯೆ, ಸಂಜ್ಞೆ, ಗುಣ, ಪ್ರಕರಣಾಂತರ. ಇವುಗಳಲ್ಲಿ ಅಭ್ಯಾಸ ಎಂದರೆ ಒಂದೇ ಕ್ರಿಯಾಪದ ಮರಳಿ ಬರುವುದು. ದರ್ಶಪೂರ್ಣಮಾಸ ಯಾಗದ ಪ್ರಯಾಜಗಳೆಂಬ ಆರಂಭದ ಆಹುತಿಗಳಲ್ಲಿ ಯಾಗ ಮಾಡಬೇಕೆಂಬ ಪದ ಐದು ಸಲ ಬರುತ್ತದೆ. ಒಮ್ಮೆ ಹೇಳಿದರೆ ಸಾಕಾಗಿದ್ದನ್ನು ಐದು ಸಲ ಹೇಳಿದರೆ ನಾಲ್ಕು ಸಲ ಹೇಳಿದ್ದು ವ್ಯರ್ಥವಾಗುತ್ತದೆ. ವೇದದಲ್ಲಿ ವ್ಯರ್ಥ ಮಾತು ಇರಲಾರದು. ಆದ್ದರಿಂದ ಅವು ಐದು ಬೇರೆ ಯಾಗಗಳು. ಮರಳಿ ಬಂದದ್ದು ವ್ಯರ್ಥ ಎಂದು ಹೇಳುವವರೇ ಅದನ್ನು ಸಾಧಿಸಿ ತೋರಿಸಬೇಕು ಎಂಬುದು ಇಲ್ಲಿನ ನಿಲುವು.

ಈ ನಿಲುವನ್ನು ಶಾರ್ಟ್‌ಕಟ್‌ಗಳಿಗೆ ಹಾಗೆಯೇ ಅನ್ವಯಿಸಲು ಬರುವುದಿಲ್ಲ. ಅವನ್ನು ಇಟ್ಟದ್ದು ಅರ್ಥವಿಲ್ಲದೆ ಮಾತಾಡದ ವೇದವಲ್ಲ, ಎದುರಿಗೆ ಇನ್ನೊಂದು ಇದೆಯೋ ಇಲ್ಲವೋ ನೋಡದೆ ತನ್ನದೊಂದನ್ನು ಇಟ್ಟುಹೋಗುವ ಇನ್‌ಸ್ಟಾಲರ್. ಅಲ್ಲಿ ವ್ಯರ್ಥ ಪುನರುಕ್ತಿ ಸಾಧ್ಯವಿದೆ, ಸಾಮಾನ್ಯವೂ ಹೌದು. ಆದರೆ ಅದೇ ಅಧ್ಯಾಯದ ಕೊನೆಯ ಪಾದದಲ್ಲಿರುವ ಶಾಖಾಂತರ ಅಧಿಕರಣ ಎಂಬ ಚರ್ಚೆ ಇಲ್ಲಿಗೆ ನೇರವಾಗಿ ಒದಗುತ್ತದೆ. ಅಗ್ನಿಹೋತ್ರ ಕಾಠಕ ಶಾಖೆಯಲ್ಲೂ ಇದೆ, ಕಾಲಾಪಕದಲ್ಲೂ ಇದೆ, ಬೇರೆ ಶಾಖೆಗಳಲ್ಲೂ ಇದೆ. ಶಾಖೆಗೊಂದು ಅಗ್ನಿಹೋತ್ರವೇ, ಎಲ್ಲ ಸೇರಿ ಒಂದೇ? ಹೆಸರು ಬೇರೆ, ವಿವರಗಳಲ್ಲಿ ಅಲ್ಲಲ್ಲಿ ವ್ಯತ್ಯಾಸ, ಆದ್ದರಿಂದ ಕರ್ಮವೂ ಬೇರೆ ಎಂದು ಪೂರ್ವಪಕ್ಷ. ಒಂದೇ ಎಂದು ಸಿದ್ಧಾಂತ. ಅದಕ್ಕೆ ನಾಲ್ಕು ಕಾರಣಗಳು: ಫಲದ ಸಂಬಂಧ ಒಂದೇ, ದ್ರವ್ಯ ಮತ್ತು ದೇವತೆಯಿಂದಾಗುವ ರೂಪ ಒಂದೇ, ಮಾಡು ಎಂಬ ವಿಧಿ ಒಂದೇ, ಅಗ್ನಿಹೋತ್ರವೆಂಬ ಹೆಸರೂ ಒಂದೇ. ಕಾಠಕ, ಕಾಲಾಪಕ ಎಂಬುವು ಗ್ರಂಥದ ಹೆಸರುಗಳು, ಕರ್ಮದ ಹೆಸರುಗಳಲ್ಲ.

ಒಂದೇ ಗೇಮ್ ಸ್ಟೀಮ್‌ನಲ್ಲೂ ಎಪಿಕ್‌ನಲ್ಲೂ ಇದ್ದಾಗ ಏಳುವ ಸಂದೇಹ ಇದೇ. ಸ್ಟೀಮ್, ಎಪಿಕ್ ಎಂಬುವು ಅಂಗಡಿಯ ಹೆಸರುಗಳು, ಆಟದ ಹೆಸರುಗಳಲ್ಲ. ಮೀಮಾಂಸಕರ ನಾಲ್ಕು ಪರೀಕ್ಷೆಗಳನ್ನು ಇಲ್ಲಿ ಇಟ್ಟು ನೋಡಬಹುದು. ಒತ್ತಿದರೆ ಸಿಗುವ ಫಲ ಒಂದೇ ಆಗಿರಬೇಕು, ತೆರೆದುಕೊಳ್ಳುವ ಗೇಮಿನ ರೂಪ ಒಂದೇ ಆಗಿರಬೇಕು, ಅದನ್ನು ಶುರು ಮಾಡುವ ಆಜ್ಞೆ ಒಂದೇ ಆಗಿರಬೇಕು, ಗೇಮಿನ ಹೆಸರೂ ಒಂದೇ ಆಗಿರಬೇಕು. ನಾಲ್ಕರಲ್ಲಿ ಒಂದು ತಪ್ಪಿದರೂ ಅದು ಜೋಡಿ ಶಾರ್ಟ್‌ಕಟ್ ಅಲ್ಲ. ಶಾರ್ಟ್‌ಕಟ್‌ನ ಪ್ರಾಪರ್ಟೀಸ್ ತೆರೆದು ಟಾರ್ಗೆಟ್ ಎಂಬ ಸಾಲನ್ನು ಓದುವುದು ಇದಕ್ಕೇ. ಎಷ್ಟೋ ಸಲ ವಿಳಾಸದ ಮುಂದೆ ಇನ್ನೊಂದು ಸೂಚನೆ ಅಂಟಿಕೊಂಡಿರುತ್ತದೆ: ಒಂದು ಶಾರ್ಟ್‌ಕಟ್ ಗೇಮನ್ನು ಪೂರ್ತಿ ತೆರೆಯ ತುಂಬ ತೆರೆಯುತ್ತದೆ, ಇನ್ನೊಂದು ಚಿಕ್ಕ ಕಿಟಕಿಯಲ್ಲಿ ತೆರೆಯುತ್ತದೆ. ವಿಳಾಸ ಒಂದೇ, ಆಜ್ಞೆ ಬೇರೆ.

ಶಾಖೆಗಳು ಹೇಳುವ ಕರ್ಮ ಒಂದೇ ಎಂದಾದ ಮೇಲೆ ಬರುವ ಪ್ರಶ್ನೆ ಉಪಸಂಹಾರದ್ದು: ಒಂದು ಶಾಖೆಯಲ್ಲಿ ಹೇಳಿ ಇನ್ನೊಂದರಲ್ಲಿ ಬಿಟ್ಟ ವಿವರಗಳನ್ನು ಒಂದೆಡೆ ಕೂಡಿಸಿಕೊಳ್ಳುವುದು. ಬ್ರಹ್ಮಸೂತ್ರದ ಮೂರನೆಯ ಅಧ್ಯಾಯದ ಮೂರನೆಯ ಪಾದ ಉಪನಿಷತ್ತುಗಳ ಉಪಾಸನೆಗಳ ವಿಚಾರದಲ್ಲಿ ಇದನ್ನೇ ಚರ್ಚಿಸುತ್ತದೆ. ಗೇಮಿನ ವಿಷಯದಲ್ಲಿ ಈ ಕೂಡಿಕೆ ತಾನಾಗಿ ಆಗುವುದಿಲ್ಲ. ಸ್ಟೀಮ್‌ನಲ್ಲಿ ಆಡಿದ ಗಂಟೆಗಳ ಲೆಕ್ಕ, ಗಳಿಸಿದ ಅಚೀವ್‌ಮೆಂಟ್‌ಗಳು ಸ್ಟೀಮ್‌ನಲ್ಲೇ ಉಳಿಯುತ್ತವೆ. ಆಟದ ಸೇವ್ ಕೂಡ ಎಷ್ಟೋ ಗೇಮುಗಳಲ್ಲಿ ಅಂಗಡಿಗೊಂದು ಜಾಗದಲ್ಲಿ ಇರುತ್ತದೆ. ಒಂದನ್ನು ತೆಗೆಯುವ ಮೊದಲು ಅದರ ಗುಣಗಳು ಇನ್ನೊಂದಕ್ಕೆ ಸೇರಿವೆಯೇ ಎಂದು ನೋಡಬೇಕು. ಉಪಸಂಹಾರವಾಗದೆ ಒಂದನ್ನು ಬಿಟ್ಟುಕೊಟ್ಟರೆ ಅದು ನಷ್ಟ.

ಸೇಡಂ ತಾಲ್ಲೂಕಿನ ಮಳಖೇಡ, ರಾಷ್ಟ್ರಕೂಟರ ಮಾನ್ಯಖೇಟ, ಇನ್ನೆರಡು ಉತ್ತರಗಳಿಗೆ ನೆಲೆ. 9ನೆಯ ಶತಮಾನದಲ್ಲಿ ಅಲ್ಲಿಂದ ಆಳಿದ ಅಮೋಘವರ್ಷ ನೃಪತುಂಗ ಜೈನಾಚಾರ್ಯ ಜಿನಸೇನರನ್ನು ಗುರುವೆಂದು ಗೌರವಿಸಿದ. ಜಿನಸೇನರು 837ರಲ್ಲಿ ಪೂರ್ಣಗೊಳಿಸಿದ ಜಯಧವಲಾ ಟೀಕೆಯಲ್ಲಿ ನಯಗಳ ವಿಚಾರ ವಿಸ್ತಾರವಾಗಿದೆ. ನಯ ಎಂದರೆ ವಸ್ತುವನ್ನು ನೋಡುವ ಒಂದು ಬದಿ. ಏಳು ನಯಗಳಲ್ಲಿ ಕೊನೆಯ ಮೂರು ಹೆಸರುಗಳಿಗೆ ಸಂಬಂಧಿಸಿದವು. ಶಬ್ದನಯಕ್ಕೆ ಇಂದ್ರ, ಶಕ್ರ, ಪುರಂದರ ಮೂರೂ ಒಂದೇ. ಹೆಸರು ಬೇರೆ, ವ್ಯಕ್ತಿ ಒಬ್ಬ. ಸಮಭಿರೂಢನಯ ಇದನ್ನು ಒಪ್ಪುವುದಿಲ್ಲ: ಐಶ್ವರ್ಯದಿಂದ ಇಂದ್ರ, ಸಾಮರ್ಥ್ಯದಿಂದ ಶಕ್ರ, ಪುರಗಳನ್ನು ಸೀಳಿದ್ದರಿಂದ ಪುರಂದರ, ಹೆಸರು ಬದಲಾದರೆ ಅರ್ಥವೂ ಬದಲಾಗುತ್ತದೆ. ಏವಂಭೂತನಯ ಇನ್ನೂ ಕಟ್ಟುನಿಟ್ಟು: ಪುರವನ್ನು ಸೀಳುತ್ತಿರುವಾಗ ಮಾತ್ರ ಪುರಂದರ. ಈ ಕೊನೆಯ ನಯದ ಕಣ್ಣಿಗೆ, ಗೇಮ್ ಅನ್‌ಇನ್‌ಸ್ಟಾಲ್ ಆದ ಮೇಲೂ ಉಳಿದ ಶಾರ್ಟ್‌ಕಟ್ ಹೆಸರೇ ಅಲ್ಲ, ಏಕೆಂದರೆ ತೋರಿಸುವ ಕೆಲಸ ಅದರಿಂದ ಆಗುತ್ತಿಲ್ಲ. ಮೊದಲು ತೆಗೆಯಬೇಕಾದವು ಅವೇ. ಮೂರು ನಯಗಳೂ ಸತ್ಯ, ಆದರೆ ಒಂದೊಂದೂ ತನ್ನ ಬದಿಯಿಂದ ಮಾತ್ರ ಸತ್ಯ. ಒಂದನ್ನೇ ಪೂರ್ಣ ಎಂದು ಹಿಡಿದರೆ ಅದು ದುರ್ನಯವಾಗುತ್ತದೆ ಎಂದು ಜೈನರು ಎಚ್ಚರಿಸುತ್ತಾರೆ. ಲೈಬ್ರರಿ ಶುಚಿ ಮಾಡುವ ತಂತ್ರಾಂಶಗಳಲ್ಲಿ ಹೆಸರನ್ನಷ್ಟೇ ಹೋಲಿಸುವಂಥವು ಶಬ್ದನಯವೊಂದನ್ನೇ ಬಲ್ಲವು. ಒಂದು ಗೇಮಿನ ಹಳೆಯ ಆವೃತ್ತಿ ಮತ್ತು ಹೊಸದಾಗಿ ಮಾಡಿದ ರೀಮೇಕ್ ಒಂದೇ ಹೆಸರಿನಲ್ಲಿ ಇದ್ದರೆ ಅವು ಎರಡನ್ನೂ ಒಂದೆಂದು ತಿಳಿಯುತ್ತವೆ.

14ನೆಯ ಶತಮಾನದ ಜಯತೀರ್ಥರು, ದ್ವೈತಿಗಳ ಟೀಕಾಚಾರ್ಯರು, ಕೊಟ್ಟ ಉತ್ತರ ಇನ್ನೂ ಸೂಕ್ಷ್ಮ. ಮಳಖೇಡದಲ್ಲಿ ಕಾಗಿಣಾ ತೀರದ ಉತ್ತರಾದಿ ಮಠದಲ್ಲಿರುವ ಅವರ ಹೆಸರಿನ ಬೃಂದಾವನಕ್ಕೆ ಇಂದಿಗೂ ಭಕ್ತರು ಬರುತ್ತಾರೆ. ಮಧ್ವಾಚಾರ್ಯರ ಅನುವ್ಯಾಖ್ಯಾನಕ್ಕೆ ಅವರು ಬರೆದ ನ್ಯಾಯಸುಧಾ ದ್ವೈತದ ಮೇರು ಗ್ರಂಥ. ದ್ವೈತದ ಪ್ರಕಾರ ಭಗವಂತ ಮತ್ತು ಅವನ ಜ್ಞಾನ, ಆನಂದ ಮುಂತಾದ ಗುಣಗಳ ನಡುವೆ ಭೇದವಿಲ್ಲ. ಭೇದವಿಲ್ಲದಿದ್ದರೆ ಜ್ಞಾನ ಎಂದರೂ ಆನಂದ ಎಂದರೂ ಒಂದೇ ಆಯಿತಲ್ಲ, ಒಂದು ಪದ ಸಾಕು, ಉಳಿದವು ವ್ಯರ್ಥ ಎಂಬ ಆಕ್ಷೇಪ ಬರುತ್ತದೆ. ಅದಕ್ಕೆ ಉತ್ತರವೇ ವಿಶೇಷ ಎಂಬ ತತ್ತ್ವ. ವಸ್ತು ಒಂದೇ ಆಗಿ ಉಳಿದು, ಭೇದವಿಲ್ಲದಿದ್ದರೂ ಭೇದದ ಕೆಲಸ ನಡೆಸುವ ಶಕ್ತಿ ಆ ವಸ್ತುವಿನಲ್ಲೇ ಇದೆ. ಅದು ಭೇದದ ಪ್ರತಿನಿಧಿ. ಅದರಿಂದಾಗಿ ಪದಗಳು ಪರ್ಯಾಯಗಳಾಗುವುದಿಲ್ಲ, ವಸ್ತುವೂ ಒಡೆಯುವುದಿಲ್ಲ. ಅದ್ವೈತಿಗಳು ಇಂಥ ಪದಗಳೆಲ್ಲ ಅಖಂಡವಾದ ಒಂದೇ ಅರ್ಥವನ್ನು ಸೂಚಿಸುತ್ತವೆ, ಒಂದೊಂದು ಪದ ಒಂದೊಂದು ಭ್ರಮೆಯನ್ನು ನೀಗುತ್ತದೆ ಎನ್ನುತ್ತಾರೆ. ಅವರ ಮಾತಿನಲ್ಲೂ ಎರಡನೆಯ ಪದಕ್ಕೆ ಕೆಲಸವಿದೆ. ಆದರೆ ಆ ಕೆಲಸ ವಸ್ತುವಿನಲ್ಲೇ ಬೇರೂರಿದೆ ಎಂದು ಹೇಳುವ ಜಯತೀರ್ಥರ ದಾರಿ ಹೆಚ್ಚು ತೃಪ್ತಿ ಕೊಡುತ್ತದೆ.

ಒಂದೇ ವಸ್ತುವಿಗೆ ಎರಡನೆಯ ಗುರುತು ಬೇಕಾಗುವುದಕ್ಕೆ ಹತ್ತಿರದ್ದೇ ಒಂದು ಉದಾಹರಣೆ: ವಾಡಿ ಜಂಕ್ಷನ್ ಶಹಾಬಾದಿನ ಕಡೆಯಿಂದ ಬರುವ ರೈಲುಮಾರ್ಗದ ಪಟ್ಟಿಯಲ್ಲೂ ಇದೆ, ಸೇಡಂ, ಮಳಖೇಡ ರೋಡ್, ಚಿತ್ತಾಪುರದ ಮೂಲಕ ಬರುವ ಮಾರ್ಗದ ಪಟ್ಟಿಯಲ್ಲೂ ಇದೆ. ನಿಲ್ದಾಣ ಒಂದೇ ಎಂದು ಒಂದು ಪಟ್ಟಿಯಿಂದ ಅದನ್ನು ಹೊಡೆದುಹಾಕಿದರೆ ಆ ಮಾರ್ಗದ ಪ್ರಯಾಣಿಕರಿಗೆ ಅದು ಇಲ್ಲದಂತಾಗುತ್ತದೆ. ಒಂದೇ ಕಂಪ್ಯೂಟರನ್ನು ಅಣ್ಣ ತಮ್ಮ, ಅಕ್ಕ ತಂಗಿ ಎಲ್ಲರೂ ಬಳಸುವ ಚಿಂಚೋಳಿಯ ಅಥವಾ ಸೇಡಂನ ಮನೆಯಲ್ಲಿ ಇದು ನಿಜವಾದ ತೊಡಕು. ಎಲ್ಲರ ಡೆಸ್ಕ್‌ಟಾಪ್ ಫೋಲ್ಡರಿನಲ್ಲಿರುವ ಶಾರ್ಟ್‌ಕಟ್ ತೆಗೆದರೆ ಎಲ್ಲರ ತೆರೆಯಿಂದಲೂ ಅದು ಹೋಗುತ್ತದೆ. ಅದಕ್ಕೇ ವಿಂಡೋಸ್ ಅಲ್ಲಿ ಅಡ್ಮಿನಿಸ್ಟ್ರೇಟರ್ ಅನುಮತಿ ಕೇಳುತ್ತದೆ. ಒಬ್ಬರಿಗೆ ಹೆಚ್ಚುವರಿ ಎನಿಸಿದ ಗುರುತು ಇನ್ನೊಬ್ಬರಿಗೆ ಗೊತ್ತಿರುವ ಒಂದೇ ದಾರಿ ಆಗಿರಬಹುದು.

ಹೀಗೆ ನೋಡಿದಾಗ ಅಳಿಸತಕ್ಕವು ಯಾವುವು ಎಂಬುದು ಸ್ಪಷ್ಟ. ಗುರಿ ಇಲ್ಲದ ಶಾರ್ಟ್‌ಕಟ್‌ಗಳು ಹೋಗಲಿ. ಫಲ, ರೂಪ, ಆಜ್ಞೆ, ಹೆಸರು ನಾಲ್ಕೂ ಒಂದೇ ಆಗಿದ್ದು, ಒಬ್ಬರೇ ಬಳಸುವ ಜಾಗದಲ್ಲಿ ಎರಡಾಗಿ ಬಿದ್ದವುಗಳಲ್ಲಿ ಒಂದು ಹೋಗಲಿ. ಆಜ್ಞೆಯಲ್ಲಿ ವಿಶೇಷವಿರುವವು, ಬೇರೊಬ್ಬರ ದಾರಿಯಾಗಿರುವವು ಉಳಿಯಲಿ. ಶಾರ್ಟ್‌ಕಟ್ ಅಳಿಸುವುದು, ಗೇಮನ್ನು ಅನ್‌ಇನ್‌ಸ್ಟಾಲ್ ಮಾಡುವುದು, ಖಾತೆಯಿಂದಲೇ ಗೇಮನ್ನು ತೆಗೆಸುವುದು, ಈ ಮೂರೂ ಬೇರೆ ಬೇರೆ ಕ್ರಿಯೆಗಳು. ಮೊದಲನೆಯದರಲ್ಲಿ ಹೋಗುವುದು ಗುರುತು, ಅದನ್ನು ಮತ್ತೆ ಮಾಡಿಕೊಳ್ಳಬಹುದು. ಎರಡನೆಯದರಲ್ಲಿ ಹೋಗುವುದು ಗೇಮಿನ ಫೈಲುಗಳು, ಅವನ್ನು ಮತ್ತೆ ಡೌನ್‌ಲೋಡ್ ಮಾಡಬಹುದು. ಮೂರನೆಯದರಲ್ಲಿ ಹೋಗುವುದು ಅಧಿಕಾರವೇ. ಸ್ಟೀಮ್‌ನಲ್ಲಿ ಹಾಗೆ ತೆಗೆಸಿದ ಗೇಮ್ ಲೈಬ್ರರಿಯಿಂದಲೇ ಹೋಗುತ್ತದೆ.